ಬಾಲ್ಟಿಮೋರ್ ದಕ್ಕೆಯ ಬಿಳಿ ಹಡಗು

ತಮ್ಮನ ಮನೆ ಮೇರಿಲ್ಯಾಂಡಲ್ಲಿ. ಈ ಸಲ ಹೋದಾಗ ಒಂದು ಶನಿವಾರ ಬಾಲ್ಟಿಮೋರ್ ಇನ್ನರ್ ಹಾರ್ಬರಿಗೆ ಕರ್ಕೊಂಡು ಹೋದ, ಅಲ್ಲಿ ಹಳೇ ಹಡಗುಗಳನ್ನ ನೀರಲ್ಲೇ ನಿಲ್ಲಿಸಿ ಮ್ಯೂಸಿಯಂ ಮಾಡಿದ್ದಾರೆ. ದೂರದಿಂದ್ಲೇ ಒಂದು ಬಿಳಿ ಹಡಗು ಕಾಣ್ತು, ಪಕ್ಕದಲ್ಲಿ ಓರೆಯಾಗಿ ಕೆಂಪು ಪಟ್ಟೆ. "ಅಕ್ಕ, ನಮ್ಮ ಪಣಂಬೂರಿನ ಕೋಸ್ಟ್ ಗಾರ್ಡ್ ಶಿಪ್ ತರಾನೇ ಉಂಟಲ್ಲ ಇದು" ಅಂದ. ಹೌದು ಮಾರಾಯ, ನಮ್ಮಲ್ಲಿ ಕೇಸರಿ-ನೀಲಿ, ಇಲ್ಲಿ ಕೆಂಪು-ನೀಲಿ, ಅಷ್ಟೇ!

ಇದೂ ಕೋಸ್ಟ್ ಗಾರ್ಡ್ ಹಡಗೇ, ಅಮೆರಿಕದ್ದು. ಬಣ್ಣ ಮಾತ್ರ ಅಲ್ಲ, ಎರಡೂ ದೇಶದ ಕೋಸ್ಟ್ ಗಾರ್ಡ್ ಹುಟ್ಟಿದ ಕಾರಣಾನೂ ಹೆಚ್ಚುಕಮ್ಮಿ ಒಂದೇ. ಅಲ್ಲಿ 1790ರಲ್ಲಿ ಖಜಾನೆ ಮಂತ್ರಿ ಹ್ಯಾಮಿಲ್ಟನ್, ಸುಂಕ ತಪ್ಪಿಸಿ ಮಾಲು ತರೋರನ್ನ ಹಿಡಿಯೋಕೆ ಅಂತ 10 ಸಣ್ಣ ಹಾಯಿ ಹಡಗು ಕಟ್ಟಿಸಿದ, ಅವಕ್ಕೆ ಕಟರ್ ಅಂತಿದ್ರು, ಈಗ್ಲೂ ಎಷ್ಟು ದೊಡ್ಡ ಹಡಗಾದ್ರೂ ಅದೇ ಹೆಸರು. ನಮ್ಮಲ್ಲಿ ಗಲ್ಫಿಂದ ಬರೋ ಕಳ್ಳ ಚಿನ್ನದ ಕಾಟ ಜಾಸ್ತಿಯಾಗಿ 1974ರಲ್ಲಿ ರುಸ್ತಮ್‌ಜಿ ಸಮಿತಿ ಕೂತು, 1977ರ ಫೆಬ್ರವರಿ 1ಕ್ಕೆ ಕೋಸ್ಟ್ ಗಾರ್ಡ್ ಶುರುವಾಯ್ತು. ನೇವಿ ಕೊಟ್ಟ ಎರಡು ಹಳೇ ಫ್ರಿಗೇಟ್ ಅನ್ನೋ ಯುದ್ಧ ಹಡಗು, ಐದು ಗಸ್ತು ಬೋಟ್, ಅಷ್ಟೇ ಆಸ್ತಿ.

ಈ ಬಾಲ್ಟಿಮೋರ್ ಹಡಗು 1936ರದ್ದು, 327 ಅಡಿ. 1941ರಲ್ಲಿ ಹವಾಯಿಯ ಪರ್ಲ್ ಹಾರ್ಬರ್ ಮೇಲೆ ದಾಳಿ ಆದಾಗ ಪಕ್ಕದ ಹೊನೊಲುಲು ದಕ್ಕೆಯಲ್ಲಿತ್ತು, ಜಪಾನಿ ವಿಮಾನಗಳಿಗೆ ಗುಂಡು ಹಾರಿಸಿತ್ತು. ಬಂದೋರೆಲ್ಲ ಕೇಳೋದು ಆ ಕತೆಯನ್ನೇ. ನನ್ನ ಮನಸಲ್ಲಿ ಉಳಿದದ್ದು ಮಾತ್ರ ಕೆಳಗಿನ ಮಲಗೋ ಜಾಗ. ಒಂದರ ಮೇಲೊಂದು ಮೂರು ಮಂಚ, ನಡುವೆ ಎಷ್ಟು ಕಮ್ಮಿ ಜಾಗ ಅಂದ್ರೆ ಮಲಗಿದೋನು ಮಗ್ಗುಲು ಬದಲಿಸಿದ್ರೆ ಭುಜ ಮೇಲಿನ ಮಂಚಕ್ಕೆ ತಾಗ್ಬೇಕು. ಕೈ ಇಟ್ಟು ನೋಡಿದೆ, ಒಂದೂವರೆ ಗೇಣು ಇರ್ಬಹುದು.

ಇಲ್ಲಿ ಮಲಗಿದ್ದ ಹುಡುಗ್ರು ಯುದ್ಧ ಮುಗಿದ್ಮೇಲೆ ಮಾಡಿದ ಕೆಲ್ಸ ಯಾವುದು ಗೊತ್ತಾ, ಸಾಗರದ ನಡುವೆ ಒಂದೇ ಕಡೆ ಸುತ್ತು ಹಾಕ್ತಾ ಇರೋದು, ಮೂರು ಮೂರು ವಾರ! ಸ್ಯಾಟಲೈಟ್ ಇಲ್ದ ಕಾಲ, ಸಾಗರ ದಾಟೋ ವಿಮಾನಗಳಿಗೆ ಮುಂದಿನ ಹವಾಮಾನ ಹೇಳೋರು ಯಾರು? ಹಾಗಾಗಿ ಗೊತ್ತು ಮಾಡಿದ ಜಾಗದಲ್ಲಿ ಯಾವಾಗ್ಲೂ ಒಂದು ಕಟರ್ ಇರ್ಬೇಕಿತ್ತು, ಅಲೆ ಎಷ್ಟೇ ಇರ್ಲಿ ಬಲೂನಿಗೆ ಗ್ಯಾಸ್ ತುಂಬಿಸಿ, ಸಣ್ಣ ರೇಡಿಯೋ ಯಂತ್ರ ಕಟ್ಟಿ ಮೇಲೆ ಬಿಟ್ಟು, ಗಾಳಿ ಶೀತ ಉಷ್ಣ ಎಲ್ಲ ಬರ್ಕೊಂಡು ದಡಕ್ಕೆ ಕಳಿಸ್ತಿದ್ರು, ಮತ್ತೆ ನಾಳೆ ಅದೇ. ಮಳೆಗಾಲದಲ್ಲಿ ಸುರತ್ಕಲ್ ಕಡಲು ನೋಡಿ ಬೆಳೆದವಳು ನಾನು, ಆ ತೂಗಾಟದಲ್ಲಿ 21 ದಿನ ಅಂದ್ರೆ ಹೊಟ್ಟೆ ಒಳಗೆ ಹೇಗಾಗುತ್ತೆ ಅಂತ ನಂಗೆ ಗೊತ್ತು.

ಸುಮ್ನೆ ನಿಂತದ್ದಲ್ಲ ಅದು. 1947ರ ಅಕ್ಟೋಬರಲ್ಲಿ ಎದುರುಗಾಳಿಗೆ ಸಿಕ್ಕು ಪೆಟ್ರೋಲ್ ಕಮ್ಮಿಯಾದ ಒಂದು ನೀರಲ್ಲಿ ಇಳಿಯೋ ವಿಮಾನ ಅಟ್ಲಾಂಟಿಕ್ ನಡುವೆ ಹೀಗೇ ನಿಂತಿದ್ದ ಬಿಬ್ ಅನ್ನೋ ಕಟರ್ ಹುಡುಕ್ಕೊಂಡು ಬಂದು ಪಕ್ಕದಲ್ಲೇ ಇಳೀತು, ಬಿಬ್ ಅಂದ್ರೆ ಈ ಬಾಲ್ಟಿಮೋರ್ ಹಡಗಿನದೇ ನಮೂನೆಯ ತಂಗಿ ಹಡಗು. ಅಲೆ ಜೋರು, ಒಂದೇ ಸಲಕ್ಕೆ ಎಲ್ಲರನ್ನ ತರೋಕೆ ಆಗ್ಲಿಲ್ಲ, ಮರುದಿನ ಬೆಳಿಗ್ಗೆ ಮುಗೀತು. 69 ಜನ, ಒಬ್ರೂ ಸಾಯ್ಲಿಲ್ಲ. ಬೋರ್ಡಲ್ಲಿ ಬಂದೂಕಿನ ಕತೆಗಿಂತ ಇದು ದೊಡ್ಡದಾಗಿ ಬರೀಬೇಕು ಅಂತ ನನಗೆ.

ಈಗ ಈ ಹಡಗಿಗೆ ಹೆಸರಿಲ್ಲ. ಮೊದ್ಲು ಟಾನಿ ಅಂತ ಇತ್ತು, ಖಜಾನೆ ಮಂತ್ರಿಯಾಗಿದ್ದವ, ಆಮೇಲೆ ಮುಖ್ಯ ನ್ಯಾಯಮೂರ್ತಿಯಾಗಿ 1857ರಲ್ಲಿ ಕಪ್ಪು ಜನ ಈ ದೇಶದ ಪ್ರಜೆಗಳೇ ಅಲ್ಲ ಅಂತ ತೀರ್ಪು ಕೊಟ್ಟವ. 2020ರಲ್ಲಿ ಆ ಹೆಸರು ತೆಗ್ದು ಬರೀ ನಂಬರ್ 37 ಉಳಿಸಿದ್ರು. ಸರಿಯಾಗೇ ಮಾಡಿದ್ರು. ವಾಪಸ್ ಬರ್ತಾ ಕಾರಲ್ಲಿ ತಮ್ಮನಿಗೆ ಮೈಕೆಲ್ ಹೀಲಿ ಕತೆ ಹೇಳಿದೆ. ಜಾರ್ಜಿಯಾದಲ್ಲಿ ಗುಲಾಮ ತಾಯಿ ಹೊಟ್ಟೇಲಿ ಹುಟ್ಟಿದವ, ಕಾನೂನು ಪ್ರಕಾರ ಅವನೂ ಗುಲಾಮ. ಟಾನಿ ತೀರ್ಪು ಬಂದು ಎಂಟೇ ವರ್ಷಕ್ಕೆ ಇದೇ ಕಟರ್ ಸೇವೆಯಲ್ಲಿ ಆಫೀಸರ್ ಆದ, ಆಮೇಲೆ ಬೇರ್ ಅನ್ನೋ ಕಟರಿನ ಕ್ಯಾಪ್ಟನ್ ಆಗಿ ಅಲಾಸ್ಕಾ ಕಡಲನ್ನ ವರ್ಷಗಟ್ಟಲೆ ಕಾದ. ಐಸ್ ಒಡೆಯೋ ಒಂದು ದೊಡ್ಡ ಹಡಗಿಗೆ ಈಗ ಅವನ ಹೆಸರಿದೆ, ಆರ್ಕ್ಟಿಕ್ ಕಡೆ ಹೋಗುತ್ತೆ ಅದು.