ಚಿಗರಿ ಬಸ್ಸಿನ ದಾರಿಯಲ್ಲಿ ಸಿಕ್ಕ ಊರ ಹೆಸರುಗಳು

ಹುಬ್ಬಳ್ಳಿ-ಧಾರವಾಡದ ನಡುವೆ ತನ್ನದೇ ಮೀಸಲು ದಾರಿಯಲ್ಲಿ ಓಡುವ ಬಿಆರ್‌ಟಿಎಸ್ ಬಸ್ಸಿಗೆ ಚಿಗರಿ ಅಂತ ಹೆಸರು. ಎಲ್ಲೂ ನಿಲ್ಲದ ಚಿಗರಿಯೂ ಇದೆ. ನನಗೆ ಬೇಕಿದ್ದದ್ದು ಎಲ್ಲ ಕಡೆ ನಿಲ್ಲುವುದು. 1962ರಲ್ಲಿ ಎರಡೂ ಊರು ಕೂಡಿ ಒಂದೇ ಮಹಾನಗರ ಪಾಲಿಕೆಯಾದ ಮೇಲೆ ನಡುವಿನ ಹಳ್ಳಿಗಳೆಲ್ಲ ಬಡಾವಣೆಗಳಾಗುತ್ತ ಬಂದವು. ಹಳ್ಳಿ ಹೋದರೂ ಹೆಸರು ನಿಲ್ದಾಣದ ಬೋರ್ಡಿನಲ್ಲಿ ಕೂತಿದೆ.

ಮೊದಲು ದುರ್ಗದಬೈಲಿಗೆ ಹೋದೆ. ಬೈಲು ಅಂದರೆ ಬಯಲು, ಕೋಟೆಯ ಬಯಲು. ಈಗ ಗಿರ್ಮಿಟ್ ಗಾಡಿ, ಬಳೆ ಅಂಗಡಿಗಳ ನಡುವೆ ಕಾಲಿಡಲು ಜಾಗವಿಲ್ಲ. ಸವಣೂರು ನವಾಬರ ಕಾಲದಲ್ಲಿ ಬಸಪ್ಪ ಶೆಟ್ಟರ ಎಂಬ ವ್ಯಾಪಾರಿ ಇದರ ಸುತ್ತ ಹೊಸ ಹುಬ್ಬಳ್ಳಿ ಕಟ್ಟಿಸಿದರು. ಅದಕ್ಕೂ ಹಳೆಯದು ರಾಯರ ಹುಬ್ಬಳ್ಳಿ; ಪುರ್ಬಳ್ಳಿ, ಎಳೆಯ ಪುರವದ ಹಳ್ಳಿ ಅನ್ನುವುದು ಅದರ ಹಿಂದಿನ ಹೆಸರು. ಹೂವಿನ ಬಳ್ಳಿಯೇ ಹುಬ್ಬಳ್ಳಿಯಾಯಿತು ಅನ್ನುವ ಕಥೆ ಕೇಳಲು ಚೆಂದ. ಆದರೆ ಹಳಗನ್ನಡದ ಪಾಲು ನಮ್ಮ ಬಾಯಲ್ಲಿ ಹಾಲಾದ ಹಾಗೆ ಪುರ್ಬಳ್ಳಿ ಹುಬ್ಬಳ್ಳಿಯಾಗಿರಬೇಕು ಅಂತಲೇ ನನಗನ್ನಿಸುತ್ತದೆ.

ಹೊಸೂರು ದಾಟಿತು. ಯಾವ ಕಾಲದಲ್ಲಿ ಹೊಸದಾಗಿತ್ತೋ!

ಉಣಕಲ್ಲಿನಲ್ಲಿ ಇಳಿದು ಓಣಿ ಹೊಕ್ಕೆ. ಚಂದ್ರಮೌಳೇಶ್ವರ ಗುಡಿಗೆ ಮನೆಗಳ ಗೋಡೆ ಸವರಿಕೊಂಡೇ ಹೋಗಬೇಕು. ಕಲ್ಯಾಣ ಚಾಲುಕ್ಯರ ಕಾಲದ್ದು. ನಾಲ್ಕೂ ದಿಕ್ಕಿಗೆ ಬಾಗಿಲು, ಒಳಗೆ ನಾಲ್ಕು ಮುಖದ ಲಿಂಗ. ಕಂಬದ ಮೇಲಿನ ಬಳೆಗಳಂಥ ಸುತ್ತುಗಳಿಗೆ ಬೆರಳಾಡಿಸಿದೆ, ಎಲ್ಲೂ ತಡೆಯಲಿಲ್ಲ. ಹೊರಗೆ ಬಂದರೆ ಪಕ್ಕದ ಮಾಳಿಗೆಯಲ್ಲಿ ಒಣಹಾಕಿದ ಸೀರೆ, ಕುಕ್ಕರಿನ ಸೀಟಿ. ಹುಬ್ಬಳ್ಳಿಗೆ ಒಂದು ಕಾಲಕ್ಕೆ ಕುಡಿಯುವ ನೀರು ಕೊಟ್ಟ ಕೆರೆಯೂ ಇದೇ ಊರಿನದು. ಈಗ ಕೆರೆಗೆ ಹೋಗುವವರು ಸಂಜೆ ತಿರುಗಾಡಲು ಹೋಗುತ್ತಾರೆ. ನಲ್ಲಿಯಲ್ಲಿ ಬರುವುದು ಮಲಪ್ರಭೆ.

ಭೈರಿದೇವರಕೊಪ್ಪ ಬಂತು. ಕೊಪ್ಪ ಅಂದರೆ ಸಣ್ಣ ಹಳ್ಳಿ, ಈಗ ಸಣ್ಣದೂ ಅಲ್ಲ, ಹಳ್ಳಿಯೂ ಅಲ್ಲ. ನವನಗರ, ರಾಯಾಪುರ, ಸತ್ತೂರು ಕಿಟಕಿಯಾಚೆ ಸರಿದುಹೋದವು.

ನವಲೂರಿನಲ್ಲಿ ಮತ್ತೆ ಇಳಿದೆ. ಈ ಕಡೆ ನವಿಲಿಗೆ ನವಲು ಅನ್ನುತ್ತಾರೆ. ನವಲೂರು ನವಿಲಿನ ಊರು ಅನ್ನುವುದು ಜನರ ಮಾತು. ನವಿಲು ಕಾಣಲಿಲ್ಲ, ಊರಿಗೆ ಹೆಸರು ತಂದ ಪೇರಲ ಮಾರುವ ಹೆಂಗಸಿನ ಬುಟ್ಟಿಯಲ್ಲಿತ್ತು.

"ಅಕ್ಕಾರ, ಇವು ಇಲ್ಲೀವೇ ಏನ್ರಿ?"

"ಹೂನ್ರಿ ಅಣ್ಣಾರ. ಆದ್ರ ತ್ವಾಟ ಈಗ ಎಷ್ಟ್ ಉಳದಾವ್ರಿ? ಎಲ್ಲಾ ಸೈಟ್ ಆಗಾಕತ್ತಾವ."

ಉಪ್ಪು ಖಾರ ಹಚ್ಚಿ ಒಂದು ಹೋಳು ಮೊದಲೇ ಕೈಗಿಟ್ಟಳು. ಒಳಗೆ ತೆಳು ಗುಲಾಬಿ, ಬೀಜ ಗಟ್ಟಿ.

ಟೋಲ್‌ನಾಕಾದಲ್ಲಿ ಟೋಲೂ ಇಲ್ಲ, ನಾಕಾವೂ ಇಲ್ಲ. ಧಾರವಾಡವನ್ನು ದ್ವಾರವಾಟ, ಅಂದರೆ ಬಯಲುಸೀಮೆಯಿಂದ ಮಲೆನಾಡಿಗೆ ಹೋಗುವ ಬಾಗಿಲು ಅನ್ನುತ್ತಾರೆ. ಬಾಗಿಲಲ್ಲಿ ಸುಂಕ ಕೇಳುವವರು ಇದ್ದದ್ದು ಸರಿಯೇ ಅಲ್ಲವೇ! ಅಲ್ಲಿಂದ ಮಾಳಮಡ್ಡಿ ಕಡೆ ನಡೆದೆ. ಮಡ್ಡಿ ಅಂದರೆ ಕಲ್ಲುನೆಲದ ದಿನ್ನೆ. ದಾರಿಯಲ್ಲಿ ಹೊಸ ಲೇಔಟಿನ ಕಮಾನೊಂದರ ಮೇಲೆ 'ಗ್ರೀನ್ ವ್ಯಾಲಿ' ಅಂತ ಬರೆದಿತ್ತು. ಸುತ್ತ ಕಣಿವೆ ಎಲ್ಲೂ ಇರಲಿಲ್ಲ.