ಕಣ್ಣು ಮುಚ್ಚಿ ಕೂರುತ್ತಿದ್ದ ಮೇಷ್ಟ್ರು

ಕಾಲೇಜಿನಲ್ಲಿ ನಾಟಕದ ತಾಲೀಮು ನಡೆಯುವಾಗ ನಮ್ಮ ಕನ್ನಡ ಮೇಷ್ಟ್ರು ಕೊನೇ ಬೆಂಚಿನಲ್ಲಿ ಕಣ್ಣು ಮುಚ್ಚಿ ಕೂರುತ್ತಿದ್ದರು. ನಿದ್ದೆ ಬಂದಿದೆ ಅಂತ ಯಾರಾದರೂ ಮಾತು ನುಂಗಿದರೆ ಅಲ್ಲಿಂದಲೇ ಕೂಗು: ‘ಇನ್ನೊಂದ್ಸಲ ಹೇಳೋ. ನೀನು ಅತ್ತಿದ್ದು ನನಗೆ ಕೇಳಿಸಲೇ ಇಲ್ಲ.’ ನಾನು ಪರದೆಗೆ ಬಣ್ಣ ಬಳಿಯುತ್ತಿದ್ದ ಹುಡುಗ. ಆ ಮಾತು ನನಗಲ್ಲ ಅಂದುಕೊಂಡಿದ್ದೆ.

ಆಮೇಲೆ ದುರ್ಗ ಬಿಟ್ಟು ಬೆಂಗಳೂರು ಸೇರಿದೆ. ಒಂಬತ್ತು ವರ್ಷ ವಿಎಫ್‌ಎಕ್ಸ್, ಅಂದರೆ ಸಿನಿಮಾಗಳಿಗೆ ಕಂಪ್ಯೂಟರಿನಲ್ಲಿ ವಿಷುವಲ್ ಎಫೆಕ್ಟ್ಸ್ ಮಾಡುವ ಕೆಲಸ. ಶುರುವಿನಲ್ಲಿ ರೋಟೋ, ಅಂದರೆ ಹಿನ್ನೆಲೆ ಬದಲಿಸೋಕೆ ನಟರ ಅಂಚನ್ನು ಪ್ರತಿ ಫ್ರೇಮಿನಲ್ಲೂ ಬಿಡಿಸುವುದು. ಸೆಕೆಂಡಿಗೆ 24 ಫ್ರೇಮ್. ಐದು ಸೆಕೆಂಡಿನ ಶಾಟ್ ಅಂದರೆ 120. ಕೂದಲು ಹಾರುತ್ತಿದ್ದರಂತೂ ದಿನಗಟ್ಟಲೆ ಕೂರಬೇಕು. ಒಮ್ಮೆ ಒಬ್ಬ ನಟಿಯ ಶಾಟ್ ಎರಡು ವಾರ ಹಿಡಿಯಿತು. ಅವರ ಕೂದಲಿನ ಒಂದೊಂದು ಎಳೆಯೂ ನನಗೆ ಪರಿಚಯ. ಆದರೆ ಏನು ಹೇಳುತ್ತಿದ್ದಾರೆ ಅನ್ನೋದು ಗೊತ್ತಿಲ್ಲ. ನಮ್ಮ ಕೈಗೆ ಬಂದ ಶಾಟ್‌ನಲ್ಲಿ ಧ್ವನಿ ಇರಲಿಲ್ಲ. ಥಿಯೇಟರಿನಲ್ಲಿ ನೋಡಿದಾಗ ತಿಳಿಯಿತು, ಆ ತಾಯಿ ಊರು ಬಿಟ್ಟು ಹೊರಟ ಮಗನನ್ನು ಬೈಯುತ್ತಿದ್ದಳು. ನನಗೆ ಅಳು ಬಂತು. ನಿರ್ದೇಶನ ಮಾಡಬೇಕು ಅನ್ನಿಸಿದ್ದು ಅವತ್ತೇ.

ಧೈರ್ಯ ಕೊಟ್ಟವರು ಬ್ರಿಟನ್ನಿನ ಗ್ಯಾರೆತ್ ಎಡ್ವರ್ಡ್ಸ್. ಎಫೆಕ್ಟ್ಸ್ ಕೆಲಸದಿಂದಲೇ ಬಂದವರು. 2010ರ ‘ಮಾನ್‌ಸ್ಟರ್ಸ್’ ನಿರ್ದೇಶಿಸಿ, ಅದರ ಎಫೆಕ್ಟ್ಸ್ ಕೂಡ ತಾವೇ ಮಾಡಿದರು.

ದುರ್ಗದ ಹುಡುಗ ಕೋಟೆಯಲ್ಲೇ ಶೂಟಿಂಗ್ ಇಡುತ್ತಾನೆ ಅಂತ ಎಲ್ಲರೂ ಅಂದುಕೊಂಡರು. 1972ರಲ್ಲಿ ಪುಟ್ಟಣ್ಣ ಕಣಗಾಲ್ ‘ನಾಗರಹಾವು’ ತೆಗೆದ ಬಂಡೆಗಳವು. ಮುಟ್ಟೋಕೆ ನನಗಿನ್ನೂ ಭಯ. ನನ್ನ ಕಿರುಚಿತ್ರ ಊರಾಚೆಯ ಶೇಂಗಾ ಹೊಲದ್ದು. ಕಥೆ ಐವತ್ತು ವರ್ಷ ಹಿಂದಿನದು, ಗುಡ್ಡದ ಮೇಲೆ ನೋಡಿದರೆ ಸಾಲು ಸಾಲು ಗಾಳಿಯಂತ್ರ! ‘ಅಳಿಸ್ತೀನಿ ಬಿಡಿ’ ಅಂದೆ. ಅಜ್ಜಿಯ ಪಾತ್ರಕ್ಕೆ ಕಂಪನಿ ನಾಟಕದಲ್ಲಿ ಪಳಗಿದವರು ಬಂದಿದ್ದರು. ಅವರಿಗೆ, ‘ತಲೆ ಜಾಸ್ತಿ ಅಲ್ಲಾಡಿಸಬೇಡಿ ಅಮ್ಮಾ, ಆಮೇಲೆ ಅಂಚು ಬಿಡಿಸೋದು ಕಷ್ಟ’ ಅಂದೆ. ಪಾಪ, ಹಾಗೇ ಮಾಡಿದರು. ಮಾನಿಟರಿನಲ್ಲಿ ಎಲ್ಲ ಚೆನ್ನಾಗಿತ್ತು.

ರಾತ್ರಿ ಹೆಡ್‌ಫೋನ್ ಹಾಕಿ ಕೇಳಿದೆ. ಮೈಕಿಗೆ ಗಾಳಿ ಬಡಿದು ಅರ್ಧ ಮಾತು ಹೋಗಿತ್ತು. ಉಳಿದ ಅರ್ಧ ಪಾಠ ಒಪ್ಪಿಸಿದ ಹಾಗಿತ್ತು. ಅವರ ಮಾತಿನ ಜೀವ ತೆಗೆದವನು ನಾನೇ.

ಮಾರನೇ ದಿನ ಗಾಳಿ ಏಳುವ ಮುಂಚೆ, ನಸುಕಿನಲ್ಲೇ ಹೊಲಕ್ಕೆ ಹೋದೆವು. ‘ಅಮ್ಮಾ, ನಿಮಗೆ ಹೇಗೆ ಬರುತ್ತೋ ಹಾಗೇ ಮಾಡಿ’ ಅಂದೆ. ಮಾನಿಟರಿಗೆ ಬೆನ್ನು ಹಾಕಿ, ಕಣ್ಣು ಮುಚ್ಚಿ ಕೂತೆ. ಅಜ್ಜಿಯ ಆ ಮಾತು ಬಂತು. ಕಟ್ ಹೇಳೋಕೆ ನನಗೆ ಗಂಟಲೇ ಬರಲಿಲ್ಲ. ಕಣ್ಣು ಬಿಟ್ಟರೆ ಸೆರಗು ಜಾರಿತ್ತು, ನರೆಗೂದಲು ಬಿಚ್ಚಿ ಮುಖದ ತುಂಬಾ ಹರಡಿತ್ತು. ಆ ಕೂದಲಿನ ಹಿಂದಿನ ಗಾಳಿಯಂತ್ರ ಅಳಿಸೋಕೆ ಹನ್ನೊಂದು ರಾತ್ರಿ ಬೇಕಾಯಿತು.

ಹೋದ ತಿಂಗಳು ಮೇಷ್ಟ್ರ ಮನೆಗೆ ಹೋಗಿ ತೋರಿಸಿದೆ. ಲ್ಯಾಪ್‌ಟಾಪ್ ಮುಂದೆ ಕೂತು ಮೊದಲಿನ ಹಾಗೇ ಕಣ್ಣು ಮುಚ್ಚಿದರು. ಮುಗಿದ ಮೇಲೂ ಸ್ವಲ್ಪ ಹೊತ್ತು ಹಾಗೇ ಇದ್ದರು.

‘ಇನ್ನೊಂದ್ಸಲ ಹಾಕೋ’ ಅಂದರು.