ಗೇಟ್ ಕಾದ ಹುಡುಗ ಆಕಾಶ್ ಬಶೀರ್

2015ರ ಮಾರ್ಚ್ 15. ಈಸ್ಟರ್‌ಗೆ ಮುಂಚಿನ ಉಪವಾಸದ ದಿನಗಳಾದ ತಪಸ್ಸುಕಾಲದ ನಾಲ್ಕನೇ ಭಾನುವಾರ. ಪಾಸ್ಕ, ಅಂದರೆ ಈಸ್ಟರ್, ಹತ್ತಿರ ಬಂತು, ಸ್ವಲ್ಪ ಹರ್ಷಪಡಿ ಎಂದು ಧರ್ಮಸಭೆ ಹೇಳುವ ದಿನ ಅದು. ಗುರುಗಳು ನೇರಳೆ ಬಿಟ್ಟು ಗುಲಾಬಿ ಬಣ್ಣದ ಪೂಜಾವಸ್ತ್ರ ತೊಡುವುದೂ ಉಂಟು. ಆ ವರ್ಷದ ಪೂಜಾ ಕ್ಯಾಲೆಂಡರಿನಲ್ಲಿ ಅವತ್ತಿಗೆ ಇದ್ದ ಶುಭಸಂದೇಶ ಯೊವಾನ್ನನ ಮೂರನೇ ಅಧ್ಯಾಯದ್ದು. ದೇವರು ಈ ಲೋಕವನ್ನು ಎಷ್ಟು ಪ್ರೀತಿಸಿದರೆಂದರೆ ತಮ್ಮ ಒಬ್ಬನೇ ಮಗನನ್ನು ಕೊಟ್ಟುಬಿಟ್ಟರು ಎಂಬ ಮಾತು ಇರುವುದು ಅಲ್ಲೇ.

ಪಾಕಿಸ್ತಾನದ ಲಾಹೋರ್ ನಗರದಲ್ಲಿ ಯೂಹನಾಬಾದ್ ಎಂಬ ಬಡಾವಣೆ ಇದೆ. ಕ್ರೈಸ್ತರೇ ಜಾಸ್ತಿ ಇರುವ ಜಾಗ. ಅಲ್ಲಿನ ಸಂತ ಯೊವಾನ್ನರ ದೇವಾಲಯದಲ್ಲಿ ಅವತ್ತು ಸಾವಿರಕ್ಕೂ ಹೆಚ್ಚು ಜನ ಬಲಿಪೂಜೆಗೆ (ಮಾಸ್) ಸೇರಿದ್ದರು. ಇಪ್ಪತ್ತು ವರ್ಷದ ಆಕಾಶ್ ಬಶೀರ್ ಒಳಗಿರಲಿಲ್ಲ. ಸ್ವಯಂಸೇವಕರ ಜೊತೆ ಗೇಟಿನಲ್ಲಿ ನಿಂತಿದ್ದ. ಮೈಗೆ ಬಾಂಬು ಕಟ್ಟಿಕೊಂಡ ಒಬ್ಬ ಒಳಗೆ ನುಗ್ಗಲು ಬಂದ. ಆಕಾಶ್ ಅಡ್ಡ ನಿಂತ. 'ನಾನು ಸಾಯ್ತೀನಿ, ನಿನ್ನನ್ನ ಮಾತ್ರ ಒಳಗೆ ಬಿಡಲ್ಲ' ಎಂಬ ಅರ್ಥದ ಮಾತು ಹೇಳಿದನಂತೆ. ಅವನನ್ನು ಬಿಗಿಯಾಗಿ ಹಿಡಿದುಕೊಂಡ. ಬಾಂಬು ಸಿಡಿಯಿತು. ಇಬ್ಬರೂ ಸತ್ತರು. ಒಳಗಿದ್ದವರು ಉಳಿದರು.

ಅದೇ ಹೊತ್ತಿನಲ್ಲಿ ಹತ್ತಿರದ ಪ್ರೊಟೆಸ್ಟೆಂಟರ ಕ್ರೈಸ್ಟ್ ಚರ್ಚಿನ ಮೇಲೂ ದಾಳಿಯಾಗಿತ್ತು. ಎರಡೂ ಕಡೆ ಸೇರಿ ಸತ್ತವರು ಹತ್ತಕ್ಕೂ ಹೆಚ್ಚು, ಗಾಯಗೊಂಡವರು ಇನ್ನೂ ಎಷ್ಟೋ ಮಂದಿ.

ಈ ಕತೆ ಕೇಳಿದವರೆಲ್ಲ ಆ ಕೊನೆಯ ಕ್ಷಣವನ್ನೇ ಹಿಡಿದುಕೊಳ್ಳುತ್ತಾರೆ. ಸಹಜ. ನನಗೆ ಮಾತ್ರ ಅದಕ್ಕಿಂತ ಹಿಂದಿನ ಭಾನುವಾರಗಳೇ ನೆನಪಾಗುತ್ತವೆ. ಏನೂ ಆಗದ ಭಾನುವಾರಗಳು. ಬಿಸಿಲಲ್ಲಿ ನಿಂತು ಬಂದವರ ಚೀಲ ನೋಡುವುದು, ಗಾಡಿ ಆ ಕಡೆ ನಿಲ್ಲಿಸಿ ಅನ್ನುವುದು. ಒಳಗಿನ ಹಾಡು ಅರ್ಧ ಕೇಳುತ್ತದೆ, ಅರ್ಧ ಇಲ್ಲ. ಪ್ರಬೋಧನೆ ಏನೆಂದು ಗೊತ್ತಾಗುವುದಿಲ್ಲ. ಬಲಿಪೂಜೆ ಎಂದರೆ ಅಷ್ಟು ಪ್ರೀತಿ ಇರುವವನು ಅದೇ ಹೊತ್ತಿಗೆ ಹೊರಗೆ ಉಳಿಯಬೇಕು. ಯಾಕೆ? ಮಿಕ್ಕವರು ಭಯವಿಲ್ಲದೆ ಮೊಣಕಾಲೂರಲಿ ಅಂತ.

ಆಕಾಶ್ ಹುಟ್ಟಿದ್ದು 1994ರ ಜೂನ್ 22ರಂದು, ಪಾಕಿಸ್ತಾನದ ವಾಯವ್ಯ ಭಾಗದ ರಿಸಾಲ್‌ಪುರದಲ್ಲಿ. ಬಡವರ ಮನೆ. ಆಮೇಲೆ ಕುಟುಂಬ ಲಾಹೋರಿಗೆ ಬಂತು. ಅಲ್ಲಿ ಡಾನ್ ಬಾಸ್ಕೊ ಕಟ್ಟಿದ ಸಲೇಸಿಯನ್ ಸಭೆಯ ಗುರುಗಳು ನಡೆಸುವ ಡಾನ್ ಬಾಸ್ಕೊ ತಾಂತ್ರಿಕ ಶಾಲೆಯಲ್ಲಿ ಅವನು ಕಲಿತ. ನಮ್ಮ ಬೆಂಗಳೂರು, ಚಿತ್ರದುರ್ಗದ ಕಡೆಯವರಿಗೂ ಡಾನ್ ಬಾಸ್ಕೊ ಹೆಸರು ಹೊಸದಲ್ಲ. ಬೀದಿಯ ಹುಡುಗರಿಗೆ ಕಸುಬು ಕಲಿಸಿ, ಆಟ ಆಡಿಸಿ, ಪಾಪನಿವೇದನೆ ಕೇಳಿ, ಒಳ್ಳೆಯ ಕ್ರೈಸ್ತರನ್ನಾಗಿಯೂ ಪ್ರಾಮಾಣಿಕ ಪ್ರಜೆಗಳನ್ನಾಗಿಯೂ ಮಾಡಬೇಕು ಎಂದು ಹೊರಟ ಗುರು ಅವರು. ಅವರ ಶಿಷ್ಯ ದೊಮಿನಿಕ್ ಸಾವಿಯೊ 1857ರಲ್ಲಿ ತೀರಿಕೊಂಡಾಗ ಇನ್ನೂ ಹದಿನಾಲ್ಕು ವರ್ಷ. 1954ರಲ್ಲಿ ಸಂತ ಪದವಿಗೇರಿದ. ಹುಡುಗರೂ ಸಂತರಾಗಬಹುದು ಎಂದು ಆ ಗುರುಗಳು ಸುಮ್ನೆ ಹೇಳಿದ್ದಲ್ಲ.

2013ರ ಸೆಪ್ಟೆಂಬರಿನಲ್ಲಿ ಪೇಶಾವರದ ಆಲ್ ಸೇಂಟ್ಸ್ ಚರ್ಚಿನಲ್ಲಿ ಭಾನುವಾರದ ಆರಾಧನೆ ಮುಗಿಯುವ ಹೊತ್ತಿಗೆ ಇಬ್ಬರು ಆತ್ಮಾಹುತಿ ಬಾಂಬರ್‌ಗಳು ಎಪ್ಪತ್ತೈದಕ್ಕೂ ಹೆಚ್ಚು ಜನರನ್ನು ಕೊಂದಿದ್ದರು. ಅದಾದ ಮೇಲೆ ಪಾಕಿಸ್ತಾನದ ಚರ್ಚುಗಳು ತಮ್ಮ ಹುಡುಗರನ್ನೇ ಕಾವಲಿಗೆ ನಿಲ್ಲಿಸತೊಡಗಿದವು. ಆಕಾಶ್ ನಾನೂ ಹೋಗ್ತೀನಿ ಅಂದ. ಅಮ್ಮ ಮೊದಲು ಒಪ್ಪಲಿಲ್ಲ. ಯಾವ ತಾಯಿ ಒಪ್ಪುತ್ತಾಳೆ ಹೇಳಿ? ಮಗ ಬಿಡಲಿಲ್ಲ, ಹಟ ಹಿಡಿದು ಒಪ್ಪಿಸಿದ.

ಬಾಗಿಲು ಕಾಯುವವರ ಬಗ್ಗೆ ಕೀರ್ತನೆಗಳಲ್ಲಿ ಒಂದು ಚೆಂದದ ಸಾಲಿದೆ, 84ನೆಯದರಲ್ಲಿ. ದುಷ್ಟರ ಡೇರೆಗಳಲ್ಲಿ ವಾಸ ಮಾಡುವುದಕ್ಕಿಂತ ನನ್ನ ದೇವರ ಮನೆಯ ಬಾಗಿಲಲ್ಲಿ ನಿಲ್ಲುವುದೇ ಮೇಲು ಎನ್ನುತ್ತಾನೆ ಭಕ್ತ. ಧರ್ಮಸಭೆಯ ಸಂತರಲ್ಲಿ ಹೀಗೆ ಬಾಗಿಲು ಕಾದವರು ಹಲವರಿದ್ದಾರೆ. ಸ್ಪೇನಿನ ಮಜೋರ್ಕಾ ದ್ವೀಪದ ಯೇಸುಸಭೆಯ (ಜೆಸ್ವಿಟರ) ಕಾಲೇಜಿನಲ್ಲಿದ್ದ ಅಲ್ಫೋನ್ಸುಸ್ ರೊಡ್ರಿಗಸ್ ಹೆಂಡತಿ ಮಕ್ಕಳನ್ನೆಲ್ಲ ಕಳೆದುಕೊಂಡು ಬಂದವರು. ಗಂಟೆ ಬಾರಿಸಿದಾಗಲೆಲ್ಲ 'ಬಂದೆ ಪ್ರಭುವೇ' ಅನ್ನುತ್ತಾ ಬಾಗಿಲು ತೆಗೆಯುತ್ತಿದ್ದರಂತೆ. ಜರ್ಮನಿಯ ಆಲ್ಟೋಟಿಂಗ್‌ನಲ್ಲಿ ಕಪುಚಿನ್ ಸಹೋದರ ಕೊನ್ರಾಡ್ 41 ವರ್ಷ ಇದೇ ಕೆಲಸ ಮಾಡಿದರು. ಕೆನಡಾದ ಆಂದ್ರೆ ಬೆಸೆಟ್ ಅವರಿಗೆ ಸರಿಯಾಗಿ ಓದು ಬರಹವೂ ಬರುತ್ತಿರಲಿಲ್ಲ. ಸನ್ಯಾಸಿಗಳ ಸಭೆಗೆ ಸೇರಿದ ದಿನ ನನಗೆ ಬಾಗಿಲು ತೋರಿಸಿದರು, ಆಮೇಲೆ ನಲವತ್ತು ವರ್ಷ ಅಲ್ಲೇ ಇದ್ದೆ ಎಂದು ತಮಾಷೆ ಮಾಡುತ್ತಿದ್ದರು. 2010ರಲ್ಲಿ ಅವರು ಸಂತರಾದರು. ಇವರೆಲ್ಲ ಬಾಗಿಲು ತೆಗೆದು ಸಂತರಾದವರು. ಆಕಾಶ್ ಒಬ್ಬನಿಗಾಗಿ ಬಾಗಿಲು ತೆಗೆಯಲಿಲ್ಲ, ಅಷ್ಟೇ.

ಆ ದಿನದ ಇನ್ನೊಂದು ಸಂಗತಿಯನ್ನು ಭಕ್ತಿಯ ಬರಹಗಳು ಸಾಮಾನ್ಯವಾಗಿ ಬಿಟ್ಟುಬಿಡುತ್ತವೆ. ದಾಳಿಯಾದ ಮೇಲೆ ಸಿಟ್ಟಿಗೆದ್ದ ಗುಂಪೊಂದು, ಇವರೂ ದಾಳಿಕೋರರ ಜೊತೆಗಾರರು ಎಂಬ ಅನುಮಾನದ ಮೇಲೆ ಇಬ್ಬರು ಮುಸ್ಲಿಮರನ್ನು ಹೊಡೆದು ಸುಟ್ಟು ಕೊಂದಿತು. ಅವರಿಬ್ಬರಿಗೂ ದಾಳಿಗೂ ಸಂಬಂಧ ಇರಲಿಲ್ಲ. ಇದನ್ನು ಬರೆಯುವಾಗ ಕೈ ತಡೆಯುತ್ತದೆ. ಆದರೆ ಬರೆಯದೆ ಆಕಾಶನ ಬಗ್ಗೆ ಮಾತಾಡಿದರೆ ಅದು ಅರ್ಧ ಸತ್ಯ. ನೋವಿನಿಂದ ಹುಟ್ಟಿದ ಸಿಟ್ಟು ಎಲ್ಲಿಗೆ ಹೋಗಿ ಮುಟ್ಟುತ್ತದೆ ನೋಡಿ. ಆಕಾಶನ ಕೈಯಲ್ಲಿ ಆಯುಧ ಇರಲಿಲ್ಲ. ಅವನು ಯಾರನ್ನೂ ಕೊಲ್ಲಲಿಲ್ಲ, ಕೊಲ್ಲುವವನನ್ನು ತಬ್ಬಿ ಹಿಡಿದ. ವಿಶ್ವಾಸಕ್ಕಾಗಿ ಪ್ರಾಣ ಕೊಟ್ಟ ರಕ್ತಸಾಕ್ಷಿಗೂ ಬರೀ ವೀರನಿಗೂ ಇರುವ ವ್ಯತ್ಯಾಸ ನನಗೆ ಕಾಣುವುದು ಇಲ್ಲೇ. ಅವನ ಹೆಸರಲ್ಲಿ ಪ್ರಾರ್ಥನೆ ಮಾಡುವಾಗ ಆ ಇಬ್ಬರ ಆತ್ಮಶಾಂತಿಗೂ ಒಂದು 'ನಮೋ ಮರಿಯಾ' ಹೇಳಬೇಕು ಎಂಬುದು ನನ್ನ ಅಭಿಪ್ರಾಯ.

ಇನ್ನು ಸಂತ ಪದವಿಯ ವಿಷಯ. 2022ರ ಜನವರಿ 31, ಡಾನ್ ಬಾಸ್ಕೊ ಹಬ್ಬದ ದಿನ, ಆಕಾಶನನ್ನು ದೇವಸೇವಕ (ಸಂತ ಪದವಿಯ ದಾರಿಯ ಮೊದಲ ಮೆಟ್ಟಿಲು) ಎಂದು ಕರೆಯಲು ರೋಮಿನ ಒಪ್ಪಿಗೆ ಸಿಕ್ಕಿದೆ ಎಂದು ಲಾಹೋರಿನ ಮಹಾಧರ್ಮಾಧ್ಯಕ್ಷರು ತಿಳಿಸಿದರು. ಪಾಕಿಸ್ತಾನದ ಮೊದಲ ದೇವಸೇವಕ ಇವನೇ ಎಂದು ಅಲ್ಲಿನ ಧರ್ಮಸಭೆ ಹೆಮ್ಮೆಯಿಂದ ಹೇಳಿಕೊಳ್ಳುತ್ತದೆ. ಅದೇ ವರ್ಷದ ಮಾರ್ಚ್ 15ರಂದು ಧರ್ಮಪ್ರಾಂತ್ಯದ ಮಟ್ಟದ ವಿಚಾರಣೆ ಶುರುವಾಗಿ, 2024ರ ಮಾರ್ಚ್ 15ರಂದು ಮುಗಿಯಿತು. ನೋಡಿದವರ, ಒಡನಾಡಿದವರ ಹೇಳಿಕೆಗಳ ಕಡತಕ್ಕೆ ಮೊಹರು ಹಾಕಿ ರೋಮಿಗೆ ಕಳಿಸುವುದು ಪದ್ಧತಿ. ರಕ್ತಸಾಕ್ಷಿ ಎಂದು ವಿಶ್ವಗುರುಗಳು (ಪೋಪ್) ಒಪ್ಪಿದರೆ, ಸಂತ ಪದವಿಗೆ ಮುಂಚಿನ ಮೆಟ್ಟಿಲಾದ ಪುನೀತ ಪದವಿಗೆ ಪವಾಡ ಬೇಕಾಗಿಲ್ಲ, ಸಂತ ಪದವಿಗೆ ಬೇಕು. ಮುಖ್ಯ ಪ್ರಶ್ನೆಗಳು ಎರಡೇ: ಕೊಂದದ್ದು ವಿಶ್ವಾಸದ ಮೇಲಿನ ದ್ವೇಷದಿಂದಲೇ? ಸತ್ತವನು ಅದನ್ನು ಮನಸಾರೆ ಒಪ್ಪಿಕೊಂಡನೇ? ಎರಡನೆಯದಕ್ಕೆ ಗೇಟಿನ ಹತ್ತಿರ ಅವನು ಆಡಿದ ಮಾತಿಗಿಂತ ಬೇರೆ ಸಾಕ್ಷಿ ಏನು ಬೇಕು ಅಂತ ನನಗನ್ನಿಸುತ್ತದೆ. ಆದರೂ ರೋಮಿನವರಿಗೆ ಅವಸರವಿಲ್ಲ, ಅದು ಒಳ್ಳೆಯದೇ.

ಅಲ್ಲಿಯವರೆಗೆ ನಾವು ಸ್ವಲ್ಪ ಹುಷಾರಾಗಿರಬೇಕು. ದೇವಸೇವಕರ ಚಿತ್ರಕ್ಕೆ ತಲೆಯ ಸುತ್ತ ಪ್ರಭೆ ಬರೆಯುವ ಹಾಗಿಲ್ಲ. ಬಲಿಪೀಠದ ಮೇಲೆ ಇಡುವ ಹಾಗಿಲ್ಲ. ಅವರ ಹೆಸರಲ್ಲಿ ಬಹಿರಂಗ ಆರಾಧನೆ, ನೊವೇನಾ (ಒಂಬತ್ತು ದಿನದ ಪ್ರಾರ್ಥನೆ), ಮೆರವಣಿಗೆ ಕೂಡದು. ವಾಟ್ಸಾಪಿನಲ್ಲಿ ಹರಿದಾಡುವ ಚಿತ್ರಗಳಿಗೆ ಈ ನಿಯಮ ಯಾರು ಹೇಳಬೇಕೋ! ಮನೆಯಲ್ಲಿ, ಮನಸ್ಸಿನಲ್ಲಿ ಅವನ ಮಧ್ಯಸ್ಥಿಕೆ ಬೇಡಲು ಮಾತ್ರ ಯಾವ ಅಡ್ಡಿಯೂ ಇಲ್ಲ. ನಾನು ಬೇಡುತ್ತೇನೆ.

ಏನು ಬೇಡುತ್ತೀರಿ ಅಂದರೆ, ನಮ್ಮ ಹಬ್ಬಗಳಲ್ಲಿ ಹೊರಗೆ ನಿಲ್ಲುವವರಿಗಾಗಿ. ಜನವರಿಯಲ್ಲಿ ಕಾರ್ಕಳದ ಅತ್ತೂರು ಸಂತ ಲಾರೆನ್ಸರ ಜಾತ್ರೆಗೆ ಹೋಗಿ ನೋಡಿ. ಸೆಪ್ಟೆಂಬರ್ 8ಕ್ಕೆ ಶಿವಾಜಿನಗರದ ಸಂತ ಮೇರಿ ಬಸಿಲಿಕಾಕ್ಕೆ ಹೋಗಿ ನೋಡಿ. ಎಲ್ಲ ಧರ್ಮದ ಜನ ಮೇಣದಬತ್ತಿ ಹಿಡಿದು ಬರುತ್ತಾರೆ. ಅವರನ್ನು ಸಾಲಿನಲ್ಲಿ ನಿಲ್ಲಿಸುವ, ಹಗ್ಗ ಹಿಡಿದು ದಾರಿ ಬಿಡಿಸುವ, ಕಳೆದುಹೋದ ಮಗುವನ್ನು ಮೈಕಿನ ಹತ್ತಿರ ಕರೆದೊಯ್ಯುವ ಹುಡುಗರು ಹುಡುಗಿಯರು ಇರುತ್ತಾರಲ್ಲ, ಅವರಿಗೆ ಪೂಜೆ ಸಿಕ್ಕಿತಾ ಎಂದು ನಾವು ಕೇಳುವುದೇ ಇಲ್ಲ. ಗಾಡಿ ನಿಲ್ಲಿಸೋಕೆ ಬಿಡಲಿಲ್ಲ ಅಂತ ರೇಗಿ ಒಳಗೆ ಹೋಗಿ ಕೈಮುಗಿಯುತ್ತೇವೆ. ದೇವಾಲಯದ ಹೊರಗೇ ಅರ್ಧ ಪಾಪ ಮಾಡಿ ಒಳಗೆ ಹೋಗುವುದು ಅಂದರೆ ಇದೇ ಅಲ್ವಾ?

ದೇವಸೇವಕ ಆಕಾಶ್, ನಿನ್ನ ಥರ ಸಾಯುವ ಪ್ರಸಂಗ ಇವರಲ್ಲಿ ಯಾರಿಗೂ ಬಾರದಿರಲಿ. ನಿಂತು ನಿಂತು ಕಾಲು ಸೋತಾಗ ಬೇಸರವೂ ಬಾರದಿರಲಿ. ಸರದಿ ಮುಗಿಸಿದ ಮೇಲೆ ಕೊನೆಯ ಪೂಜೆಯಲ್ಲಾದರೂ ಇವರಿಗೆ ಪರಮಪ್ರಸಾದ ಸಿಗಲಿ. ನಿನ್ನ ತಾಯಿಗೂ, ಆ ಬಾಂಬು ಕಟ್ಟಿಕೊಂಡು ಬಂದವನ ತಾಯಿಗೂ, ಸುಟ್ಟು ಸತ್ತ ಆ ಇಬ್ಬರ ಮನೆಯವರಿಗೂ ದೇವರು ಸಮಾಧಾನ ಕೊಡಲಿ. ಆಮೆನ್.